ಸೀನಿಯಾರಿಟಿ ಲಿಸ್ಟಲ್ಲಿ ಹೆಸರು ಕೆಳಗೆ ಹೋಗಿದ್ಯಾ? ಕರಡು ಪಟ್ಟಿ ಬಂದ ದಿನದಿಂದ ಕೆಎಸ್‌ಎಟಿವರೆಗೆ ಏನೇನ್ ಮಾಡ್ಬೇಕು

ಹಿಂದೆ ನಮ್ ಜೊತೆ ಕೆಲಸ ಮಾಡ್ತಿದ್ದ ಒಬ್ರು ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕ) ಒಂದಿನ ಸಂಜೆ ಮನೆಗೆ ಬಂದ್ರು, ಕೈಯಲ್ಲೊಂದು ಪ್ಲಾಸ್ಟಿಕ್ ಕವರು, ಅದರ ತುಂಬ ಕಾಗದ. ಒಂದೇ ಆಯ್ಕೆ ಪಟ್ಟಿಯಲ್ಲಿ ಇವರ ಜೊತೆ ಬಂದು ರ‍್ಯಾಂಕಲ್ಲಿ ಇವರಿಗಿಂತ ಹಿಂದಿದ್ದ ಇಬ್ರು ಆಗ್ಲೇ ಸೂಪರಿಂಟೆಂಡೆಂಟ್ ಆಗಿದ್ರು, ಇವ್ರು ಮಾತ್ರ ಇದ್ದಲ್ಲೇ. ಲಿಸ್ಟ್ ನೋಡಿದ್ರೆ ತಪ್ಪು ಎದ್ದು ಕಾಣ್ತಿತ್ತು, ರ‍್ಯಾಂಕ್ ಬಿಟ್ಟು ಡ್ಯೂಟಿಗೆ ಹಾಜರಾದ ತಾರೀಖು ನೋಡ್ಕೊಂಡು ಹೆಸರು ಕೂರಿಸಿದ್ರು, ಇವ್ರು ಕೊಟ್ಟಿದ್ದ ಟೈಮ್ ಒಳಗೇ ಸೇರಿದ್ರೂ ಆ ಇಬ್ರಿಗಿಂತ 11 ದಿನ ಲೇಟು, ಅಷ್ಟೇ ಕಾರಣ. "ಲಿಸ್ಟ್ ಬಂದಾಗ್ಲೇ ನೋಡಿದ್ದೆ ಸಾರ್, ಪ್ರಮೋಷನ್ ಟೈಮಲ್ಲಿ ಕೇಳಿದ್ರಾಯ್ತು ಅಂತ ಸುಮ್ನಾದೆ" ಅಂದ್ರು. ಕರಡು ಪಟ್ಟಿ ಬಂದು ಅಷ್ಟೊತ್ತಿಗೆ ಐದು ವರ್ಷ ಆಗಿತ್ತು.

ನಾನು ಸಿಬ್ಬಂದಿ ಶಾಖೆಯಲ್ಲಿ ಕೂತು ಇಂಥ ಪಟ್ಟಿಗಳನ್ನ ತಯಾರು ಮಾಡ್ಸಿದೀನಿ, ಆಕ್ಷೇಪಣೆ ಬಂದಾಗ ಫೈಲ್ ಮೇಲೆ ಟಿಪ್ಪಣಿನೂ ಬರ್ದಿದೀನಿ, ಹಾಗಾಗಿ ತಪ್ಪು ಎಲ್ಲಿ ನುಸುಳತ್ತೆ, ಎಲ್ಲಿ ಹಿಡಿದ್ರೆ ಸರಿಯಾಗತ್ತೆ ಅಂತ ಗೊತ್ತು. ಇಡೀ ಬರಹದಲ್ಲಿ ಒಂದೇ ವಿಷ್ಯ ನೆನಪಿಟ್ಕೊಂಡ್ರೂ ಸಾಕು: ಬಡ್ತಿಯ ಜಗಳ ಬಡ್ತಿ ಆದೇಶ ಬಂದ ದಿನ ಶುರುವಾಗಲ್ಲ, ಕರಡು ಜ್ಯೇಷ್ಠತಾ ಪಟ್ಟಿ ಬಂದ ದಿನಾನೇ ಶುರುವಾಗಿರತ್ತೆ. ಇದು ರಾಜ್ಯ ಸರ್ಕಾರಿ ನೌಕರರಿಗಾಗಿ ಬರೀತಿರೋದು, ಅಂದ್ರೆ ಕೆಎಸ್‌ಎಟಿ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ) ವ್ಯಾಪ್ತಿಗೆ ಬರೋರಿಗೆ. ನಿಗಮ, ಮಂಡಳಿ, ಸಾರಿಗೆ ಸಂಸ್ಥೆಯೋರು ನೇರ ಹೈಕೋರ್ಟಿಗೆ ಹೋಗ್ಬೇಕು, ಕೋರ್ಟ್ ಸಿಬ್ಬಂದಿನೂ ಕೆಎಸ್‌ಎಟಿಗೆ ಬರಲ್ಲ, ಕೇಂದ್ರದ ನೌಕರರಿಗೆ ಸಿಎಟಿ (ಕೇಂದ್ರ ಆಡಳಿತ ನ್ಯಾಯಮಂಡಳಿ) ಬೇರೆ ಇದೆ.

ಹಂತ 1: ಯಾವ ಪಟ್ಟಿ, ಯಾವ ವೃಂದ

ಪಿಡಿಎಫ್ ವಾಟ್ಸಾಪಲ್ಲಿ ಬಂದ ತಕ್ಷಣ ಎಲ್ರೂ ತಮ್ಮ ಹೆಸರು ಹುಡುಕ್ತಾರೆ, ನಂಬರ್ ನೋಡ್ತಾರೆ, ಮುಚ್ಚಿಡ್ತಾರೆ. ಹಾಗ್ ಮಾಡ್ಬೇಡಿ. ಮೊದಲು ಮೊದಲನೇ ಪುಟ ಓದಿ, ಅಧಿಸೂಚನೆ ನಂಬರ್ ಏನು, ತಾರೀಖು ಯಾವ್ದು, "ತಾತ್ಕಾಲಿಕ" ಅಥವಾ "ಕರಡು" ಅಂತ ಇದ್ಯಾ "ಅಂತಿಮ" ಅಂತ ಇದ್ಯಾ, ಯಾವ ತಾರೀಖಿಗೆ ಇದ್ದಂತೆ ಮಾಡಿದಾರೆ, ಆಕ್ಷೇಪಣೆಗೆ ಎಷ್ಟು ದಿನ ಕೊಟ್ಟಿದಾರೆ. ಸಾಮಾನ್ಯವಾಗಿ 15 ದಿನ, ಕೆಲವೊಮ್ಮೆ 30. ಆ ಕೊನೆ ದಿನಾಂಕನ ಕ್ಯಾಲೆಂಡರಲ್ಲಿ ಗುರ್ತು ಹಾಕ್ಕೊಳಿ.

ಆಮೇಲೆ ವೃಂದದ, ಅಂದ್ರೆ ಕೇಡರಿನ, ಘಟಕ ನೋಡಿ. ಕೆಲವು ಹುದ್ದೆಗೆ ಜಿಲ್ಲಾ ಮಟ್ಟದ ಪಟ್ಟಿ, ಕೆಲವಕ್ಕೆ ವಿಭಾಗ ಮಟ್ಟ, ಕೆಲವಕ್ಕೆ ಇಡೀ ರಾಜ್ಯಕ್ಕೊಂದು. ಗ್ರಾಮ ಲೆಕ್ಕಿಗರು, ಅಂದ್ರೆ ಈಗಿನ ಗ್ರಾಮ ಆಡಳಿತ ಅಧಿಕಾರಿಗಳದ್ದು ಜಿಲ್ಲಾ ವೃಂದ, ಹಂಗಾಗಿ ಪಕ್ಕದ ಜಿಲ್ಲೇಲಿ ನಿಮ್ ಬ್ಯಾಚ್‌ಮೇಟಿಗೆ ಬಡ್ತಿ ಸಿಕ್ತು ಅನ್ನೋದು ನಿಮ್ಮ ಕೇಸಿಗೆ ಆಧಾರ ಆಗಲ್ಲ. ಕಲ್ಯಾಣ ಕರ್ನಾಟಕದ ಜಿಲ್ಲೆಗಳಲ್ಲಿ ಸಂವಿಧಾನದ 371ಜೆ ವಿಧಿ ಬಂದ್ಮೇಲೆ, ಅಂದ್ರೆ 2013ರಿಂದ ಈಚೆಗೆ, ಸ್ಥಳೀಯ ವೃಂದ ಬೇರೆ, ಉಳಿಕೆ ಮೂಲ ವೃಂದ ಬೇರೆ, ನೀವು ಯಾವ್ದರಲ್ಲಿದೀರಿ ಅನ್ನೋದರ ಆದೇಶ ಕೈಲಿ ಇಟ್ಕೊಳ್ದೆ ಮುಂದೆ ಹೋಗ್ಬೇಡಿ.

ಹಂತ 2: ಎಸ್‌ಆರ್ (ಸೇವಾ ಪುಸ್ತಕ) ತೆಗ್ಸಿ ಪುಟ ಪುಟ ನೋಡಿ

ಪಟ್ಟಿ ಮಾಡೋ ಕೇಸ್ ವರ್ಕರ್ ನಿಮ್ಮನ್ನ ನೋಡಿರಲ್ಲ, ಅವರ ಮುಂದಿರೋದು ನಿಮ್ಮ ಆಫೀಸಿಂದ ಬಂದ ಒಂದು ನಮೂನೆ, ಆ ನಮೂನೆ ತುಂಬಿರೋದು ಎಸ್‌ಆರ್ ನೋಡ್ಕೊಂಡು. ಎಸ್‌ಆರಲ್ಲಿ ಒಂದು ನಮೂದು ಬಿಟ್ಟೋಗಿದ್ರೆ ಅದೇ ತಪ್ಪು ಜಿಲ್ಲೆಗೆ, ಜಿಲ್ಲೆಯಿಂದ ಆಯುಕ್ತರ ಕಚೇರಿಗೆ, ಅಲ್ಲಿಂದ ಪಟ್ಟಿಗೆ ಹರೀತಾ ಹೋಗತ್ತೆ. ನಾನು ನೋಡಿದ ಒಂದು ಎಸ್‌ಆರಲ್ಲಿ ಇಲಾಖಾ ಪರೀಕ್ಷೆ ಪಾಸಾದ ಗೆಜೆಟ್ ಪುಟ ಹಿಂದೆ ಅಂಟಿಸಿದ್ರು, ಗೋಂದು ಒಣಗಿ ಎರಡು ಹಾಳೆ ಒಂದಕ್ಕೊಂದು ಹಿಡ್ಕೊಂಡಿತ್ತು, ಮುಂದಿನ ಪುಟದಲ್ಲಿ ಅದರ ಬಗ್ಗೆ ಒಂದು ಸಾಲು ನಮೂದಿಲ್ಲ, ಮೇಲಧಿಕಾರಿ ಸಹಿ ಇಲ್ಲ. ಆಯಮ್ಮ ಅಕೌಂಟ್ಸ್ ಹೈಯರ್ ಪಾಸಾಗಿ ಆರು ವರ್ಷ ಆಗಿತ್ತು, ಪಟ್ಟಿಯ ಕಾಲಮ್ಮಲ್ಲಿ ಮಾತ್ರ "ಉತ್ತೀರ್ಣರಾಗಿಲ್ಲ". ಬ್ಲೇಡಲ್ಲಿ ಮೆಲ್ಲಗೆ ಹಾಳೆ ಬಿಡಿಸಿ, ನಮೂದು ಮಾಡ್ಸಿ, ದೃಢೀಕರಿಸಿದ ಪ್ರತಿ ಕಳಿಸಿದ್ಮೇಲೆ ಸರಿಹೋಯ್ತು. ಆಕ್ಷೇಪಣೆ ಅವಧಿಯೊಳಗೆ ನೋಡಿದ್ದಕ್ಕೆ ಸರಿಹೋಯ್ತು, ಆಮೇಲಾಗಿದ್ರೆ ಕಷ್ಟ ಇತ್ತು.

ನೋಡ್ಬೇಕಾಗಿರೋದು ಇವು: ನೇಮಕಾತಿ ಆದೇಶದ ನಂಬರ್ ತಾರೀಖು, ಆಯ್ಕೆ ಪಟ್ಟಿಯ ರ‍್ಯಾಂಕ್, ಸೇರಿದ ದಿನ ಬೆಳಗ್ಗೆನಾ ಮಧ್ಯಾಹ್ನನಾ ಅನ್ನೋದೂ ಸೇರಿ, ಪ್ರೊಬೇಷನ್ ತೃಪ್ತಿಕರವಾಗಿ ಮುಗಿಸಿದ ಘೋಷಣೆ, ಕಡ್ಡಾಯ ಇಲಾಖಾ ಪರೀಕ್ಷೆಗಳು, ಕನ್ನಡ ಭಾಷಾ ಪರೀಕ್ಷೆ ಅನ್ವಯಿಸಿದ್ರೆ ಅದು, ಹಿಂದಿನ ಬಡ್ತಿ ಆದೇಶ, ವರ್ಗಾವಣೆ ಆದೇಶದಲ್ಲಿ "ಕೋರಿಕೆ ಮೇರೆಗೆ" ಅಂತ ಇದ್ಯಾ "ಸಾರ್ವಜನಿಕ ಹಿತದೃಷ್ಟಿಯಿಂದ" ಅಂತ ಇದ್ಯಾ. ಸಂಬಳ, ಸೇವಾ ವಿವರ ಇರೋ ಕಂಪ್ಯೂಟರ್ ವ್ಯವಸ್ಥೆ ಎಚ್‌ಆರ್‌ಎಂಎಸ್‌ನಲ್ಲಿರೋದಕ್ಕೂ ಎಸ್‌ಆರಲ್ಲಿರೋದಕ್ಕೂ ತಾಳೆ ಆಗತ್ತಾ ನೋಡಿ. ಪ್ರೊಬೇಷನ್ ಘೋಷಣೆ ಆಗಿಲ್ಲ ಅಂತ ಗೊತ್ತಾದ್ರೆ ಅವತ್ತೇ ಅರ್ಜಿ ಕೊಡಿ, ಅದು ಎಷ್ಟೋ ಜನರದ್ದು ಯಾರೂ ಕೇಳ್ದೆ ಹಾಗೇ ಕೂತಿರತ್ತೆ, ಬಡ್ತಿ ಟೈಮಲ್ಲಿ ಅದೊಂದೇ ಕಾರಣಕ್ಕೆ ಹೆಸರು ಬಿಡ್ತಾರೆ.

ಹಂತ 3: ನಿಮ್ಮ ತಕರಾರು ಯಾವ ನಿಯಮದ್ದು

ಇದು ಬಹಳ ಮುಖ್ಯ, ಸ್ವಲ್ಪ ಉದ್ದ ಆಗತ್ತೆ. "ನಂಗೆ ಅನ್ಯಾಯ ಆಗಿದೆ" ಅಂತ ಬರೆದ್ರೆ ಫೈಲಲ್ಲಿ ಯಾರೂ ಏನೂ ಮಾಡಕ್ಕಾಗಲ್ಲ, ಯಾವ ನಿಯಮ ತಪ್ಪಾಗಿ ಹಚ್ಚಿದಾರೆ ಅಂತ ಹೇಳ್ಬೇಕು. ನಮ್ಮಲ್ಲಿ ಮೂಲ ಪುಸ್ತಕ ಕರ್ನಾಟಕ ಸರ್ಕಾರಿ ನೌಕರರ (ಜ್ಯೇಷ್ಠತಾ) ನಿಯಮಗಳು 1957. ಅದರ ಜೊತೆ 1977ರ ಸಾಮಾನ್ಯ ನೇಮಕಾತಿ ನಿಯಮಗಳು, ನಿಮ್ಮ ಇಲಾಖೆಯ ವೃಂದ ಮತ್ತು ನೇಮಕಾತಿ ನಿಯಮಗಳು, ಎಲ್ರೂ ಸಿ ಅಂಡ್ ಆರ್ ಅನ್ನೋದು. ಬಡ್ತಿಗೆ ಎಷ್ಟು ವರ್ಷ ಸೇವೆ, ಯಾವ ಪರೀಕ್ಷೆ, ನೇರ ನೇಮಕಾತಿಗೆ ಎಷ್ಟು ಪಾಲು ಬಡ್ತಿಗೆ ಎಷ್ಟು ಪಾಲು ಅನ್ನೋದೆಲ್ಲ ಸಿ ಅಂಡ್ ಆರಲ್ಲಿರತ್ತೆ, ತಿದ್ದುಪಡಿಗಳ ಸಮೇತ ತಗೊಳಿ.

ಒಂದೇ ಆಯ್ಕೆ ಪಟ್ಟಿಯಿಂದ ನೇರ ನೇಮಕಾತಿ ಆದೋರ ಮಧ್ಯೆ ರ‍್ಯಾಂಕೇ ಆಧಾರ, ಕೊಟ್ಟ ಅವಧಿಯೊಳಗೆ ಸೇರಿದ್ರೆ ನಾಲ್ಕು ದಿನ ಹಿಂದೆ ಮುಂದೆ ಆಗಿದ್ದು ಲೆಕ್ಕಕ್ಕಿಲ್ಲ. ಶುರುವಲ್ಲಿ ಹೇಳಿದ ಎಫ್‌ಡಿಎ ಕೇಸು ಇದೇ.

ನೇರ ನೇಮಕಾತಿ ಮತ್ತೆ ಬಡ್ತಿ ಮೂಲಕ ಬಂದೋರ ಮಧ್ಯದ ಜಗಳ ನಮ್ ರಾಜ್ಯದಲ್ಲಿ ತುಂಬ ಹಳೇದು. ನೇಮಕದ ದಿನಾಂಕ ಒಂದೇ ಆಗಿದ್ರೆ ನೇರ ನೇಮಕಾತಿಯೋರು ಮೇಲೆ ಅಂತ 1957ರ ನಿಯಮದಲ್ಲೇ ಇದೆ. ಕಷ್ಟ ಬರೋದು ಕೋಟಾ ಮೀರಿದಾಗ. ನೇರ ನೇಮಕಾತಿ ವರ್ಷಗಟ್ಲೆ ನಡೆಯಲ್ಲ, ಆ ಹುದ್ದೆಗಳಿಗೂ ಬಡ್ತಿ ಕೊಟ್ಟು ತುಂಬ್ತಾರೆ, ಆಮೇಲೆ ನೇರ ನೇಮಕಾತಿಯೋರು ಬಂದಾಗ ಹೆಚ್ಚುವರಿಯಾಗಿ ಬಡ್ತಿ ಪಡೆದೋರನ್ನ ಕೆಳಗೆ ತಳ್ಳಬೇಕಾಗತ್ತೆ. ಮೈಸೂರು ರಾಜ್ಯದ ಕಾಲದ ವಿ.ಬಿ. ಬಾದಾಮಿ ಕೇಸಲ್ಲೂ 1987ರ ಗೋನಾಳ ಭೀಮಪ್ಪ ಕೇಸಲ್ಲೂ ಸುಪ್ರೀಂ ಕೋರ್ಟ್ ಕೋಟಾ ನಿಯಮನ ಬಿಗಿಯಾಗೇ ಹಿಡೀತು. ಆದ್ದರಿಂದ ನೀವು ಬಡ್ತಿ ಮೂಲಕ ಬಂದೋರಾದ್ರೆ ನಿಮ್ಮ ಬಡ್ತಿ ನಿಮ್ಮ ಪಾಲಿನ ಖಾಲಿ ಹುದ್ದೆಗೇ ಆಗಿದ್ದು ಅಂತ ತೋರಿಸೋ ಲೆಕ್ಕ ಬೇಕು, ಯಾವ ವರ್ಷ ಎಷ್ಟು ಹುದ್ದೆ ಖಾಲಿ, ಅದರಲ್ಲಿ ನಿಮ್ಮ ಪಾಲೆಷ್ಟು ಅಂತ. ನೇರ ನೇಮಕಾತಿಯೋರು ತಾವು ಸೇವೆಗೇ ಬರದ ದಿನದಿಂದ ಸೀನಿಯಾರಿಟಿ ಕೇಳಿದ್ರೆ ಅದಕ್ಕೂ ಉತ್ತರ ಇದೆ, 2019ರ ನವೆಂಬರಲ್ಲಿ ಕೆ. ಮೇಘಚಂದ್ರ ಸಿಂಗ್ ಕೇಸಲ್ಲಿ, ವೃಂದಕ್ಕೆ ಬರೋ ಮುಂಚಿನ ದಿನಾಂಕದಿಂದ ಜ್ಯೇಷ್ಠತೆ ಕೊಡಕ್ಕಾಗಲ್ಲ ಅಂತ ಸುಪ್ರೀಂ ಕೋರ್ಟ್ ಹೇಳ್ತು, ಅದು ಮಣಿಪುರ ಪೊಲೀಸ್ ಸೇವೆಯ ಕೇಸು.

ಪ್ರಭಾರ ಮತ್ತು ತಾತ್ಕಾಲಿಕ ಬಡ್ತಿ. ಕೆಸಿಎಸ್‌ಆರ್ (ಕರ್ನಾಟಕ ನಾಗರಿಕ ಸೇವಾ ನಿಯಮಗಳು) ನಿಯಮ 32ರಲ್ಲಿ ಸ್ವತಂತ್ರ ಪ್ರಭಾರ, 68ರಲ್ಲಿ ಹೆಚ್ಚುವರಿ ಪ್ರಭಾರ, ಇದ್ರಲ್ಲಿ ಎಂಟು ವರ್ಷ ಮೇಲಿನ ಕುರ್ಚಿಯಲ್ಲಿ ಕೂತಿದ್ರೂ ಆ ಮೇಲಿನ ವೃಂದದಲ್ಲಿ ಒಂದು ದಿನದ ಜ್ಯೇಷ್ಠತೆನೂ ಬರಲ್ಲ, ಭತ್ಯೆ ಬರತ್ತೆ ಅಷ್ಟೇ. ಇದನ್ನ ಕೇಳಿ ಬೇಜಾರಾಗೋರು ಬಹಳ, ಆದ್ರೆ ಇದ್ದದ್ದು ಇದ್ದಂಗೇ ಹೇಳ್ಬೇಕಲ್ಲ. ತಾತ್ಕಾಲಿಕ ಬಡ್ತಿ ಬೇರೆ ವಿಷ್ಯ. 1990ರಲ್ಲಿ ಮಹಾರಾಷ್ಟ್ರದ ಕ್ಲಾಸ್ ಟು ಇಂಜಿನಿಯರುಗಳ ಕೇಸಲ್ಲಿ ಸಂವಿಧಾನ ಪೀಠ ಹೇಳಿದ್ದು ಇವತ್ತಿಗೂ ಆಧಾರ: ನಿಯಮದ ಪ್ರಕಾರ ನೇಮಕ ಆಗಿದ್ರೆ ಜ್ಯೇಷ್ಠತೆ ನೇಮಕದ ದಿನದಿಂದ, ಖಾಯಂ ಮಾಡಿದ ದಿನದಿಂದ ಅಲ್ಲ, ಬರೀ ತೇಪೆ ಹಚ್ಚಕ್ಕೆ ಅಂತ ನಿಯಮ ಬಿಟ್ಟು ಹಾಕಿದ್ರೆ ಆ ಅವಧಿ ಲೆಕ್ಕಕ್ಕಿಲ್ಲ, ಆದ್ರೆ ವಿಧಾನದಲ್ಲಿ ಕೊರತೆ ಇದ್ರೂ ನಿಯಮದಂತೆ ಸಕ್ರಮ ಆಗೋವರೆಗೂ ಎಲ್ಲೂ ಕಡಿಯದೆ ಮುಂದುವರಿದಿದ್ರೆ ಆ ಸೇವೆ ಲೆಕ್ಕಕ್ಕೆ ಬರತ್ತೆ. ನಿಮ್ಮ ಆದೇಶದ ಪದಗಳನ್ನ ಈ ಮೂರರ ಎದುರು ಇಟ್ಟು ಓದಿ.

ಕಾಲಮಿತಿ ಬಡ್ತಿ, ಅಂದ್ರೆ 10 ವರ್ಷಕ್ಕೆ, 15 ವರ್ಷಕ್ಕೆ ಸಿಗೋದು, ಅದು ಸಂಬಳದ ವಿಷ್ಯ. ಸೀನಿಯಾರಿಟಿಗೆ ಸಂಬಂಧ ಇಲ್ಲ.

ಕೋರಿಕೆ ವರ್ಗಾವಣೆಯಲ್ಲಿ ಜನ ತುಂಬ ಸೋಲ್ತಾರೆ. ಸಾರ್ವಜನಿಕ ಹಿತದೃಷ್ಟಿಯಿಂದ ಸಮಾನ ವೇತನದ ಇನ್ನೊಂದು ವೃಂದಕ್ಕೆ ಹಾಕಿದ್ರೆ ಹಳೇ ಜ್ಯೇಷ್ಠತೆ ಜೊತೆಗೇ ಬರತ್ತೆ, ನೀವೇ ಕೇಳ್ಕೊಂಡು ಹೋದ್ರೆ ಅವತ್ತು ಆ ವೃಂದದಲ್ಲಿರೋ ಎಲ್ರಿಗಿಂತ ಕೆಳಗೆ. ಮದುವೆ ಆಗಿ ಗಂಡನ ಊರಿಗೆ ಹೋದ ಎಷ್ಟು ಜನ ಹೆಣ್ಮಕ್ಕಳು ಈ ಒಂದು ಸಾಲಿಗೆ ಹತ್ತು ವರ್ಷದ ಸೀನಿಯಾರಿಟಿ ಕಳ್ಕೊಂಡಿದಾರೆ. ಒಂದು ಮಾತ್ರ ತಿಳ್ಕೊಳಿ, ಕಳ್ಕೊಳ್ಳೋದು ಜ್ಯೇಷ್ಠತೆಯನ್ನ, ಸೇವೆಯನ್ನಲ್ಲ. ಸಿ ಅಂಡ್ ಆರಲ್ಲಿ "ಐದು ವರ್ಷ ಸೇವೆ" ಅಂತ ಅರ್ಹತೆ ಕೇಳಿದ್ರೆ ಹಿಂದಿನ ಜಾಗದ ಸೇವೆನೂ ಎಣಿಸ್ಬೇಕು ಅಂತ 1994ರ ರೇಣು ಮಲ್ಲಿಕ್, 1998ರ ವಿ.ಎಂ. ಜೋಸೆಫ್ ಕೇಸುಗಳಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ, ನಿಮ್ಮ ನಿಯಮದ ಮಾತು ಬೇರೆ ಥರ ಇಲ್ದಿದ್ರೆ. "ನೀವು ಸೀನಿಯಾರಿಟಿ ಬಿಟ್ಟಿದೀರಿ, ಅರ್ಹತೆನೂ ಇಲ್ಲ" ಅಂತ ಆಫೀಸಲ್ಲಿ ಹೇಳಿದ್ರೆ ಒಪ್ಕೋಬೇಡಿ.

ಮೀಸಲಾತಿಯಲ್ಲಿ ಬಡ್ತಿ ಪಡೆದೋರ ಜ್ಯೇಷ್ಠತೆ. ಇದರ ಬಗ್ಗೆ ಆಫೀಸುಗಳಲ್ಲಿ ಮನಸ್ಸುಗಳೇ ಒಡೆದಿವೆ, ಅದಕ್ಕೆ ತಾರೀಖುಗಳ ಸಮೇತ ಹೇಳ್ತೀನಿ. 1995ರ 77ನೇ ಸಂವಿಧಾನ ತಿದ್ದುಪಡಿಯಿಂದ ಬಡ್ತಿಯಲ್ಲಿ ಮೀಸಲಾತಿಗೆ ಅವಕಾಶ ಕೊಡೋ 16(4ಎ) ವಿಧಿ ಬಂತು, 2001ರ 85ನೇ ತಿದ್ದುಪಡಿ ತತ್ಪರಿಣಾಮ ಜ್ಯೇಷ್ಠತೆ, ಅಂದ್ರೆ ಮೀಸಲಾತಿ ಬಡ್ತಿಯ ಜೊತೆಗೇ ಬರೋ ಜ್ಯೇಷ್ಠತೆ, ಕೊಡೋ ಅಧಿಕಾರನ 17-6-1995ರಿಂದಲೇ ಪೂರ್ವಾನ್ವಯವಾಗಿ ಸೇರಿಸ್ತು. ಅದರ ಮೇಲೆ ನಮ್ಮ ರಾಜ್ಯ 2002ರಲ್ಲಿ ಕಾಯ್ದೆ ಮಾಡ್ತು. 2006ರ ಎಂ. ನಾಗರಾಜ್ ತೀರ್ಪಲ್ಲಿ ಕೇಳಿದ ಅಂಕಿಅಂಶ ಕೂಡಿಸಿಲ್ಲ ಅಂತ 9-2-2017ರಂದು ಬಿ.ಕೆ. ಪವಿತ್ರ ಕೇಸಲ್ಲಿ ಸುಪ್ರೀಂ ಕೋರ್ಟ್ ಆ ಕಾಯ್ದೆಯ ಜ್ಯೇಷ್ಠತೆ ಕೊಡೋ ಸೆಕ್ಷನ್‌ಗಳನ್ನ ತೆಗೆದುಹಾಕ್ತು. ಆಮೇಲೆ ರತ್ನಪ್ರಭಾ ಸಮಿತಿ ವರದಿ ಬಂತು, ಅದರ ಆಧಾರದ ಮೇಲೆ 2018ರ ಹೊಸ ಕಾಯ್ದೆ ಬಂತು, ಅದನ್ನ 10-5-2019ರಂದು ಎರಡನೇ ಪವಿತ್ರ ತೀರ್ಪಲ್ಲಿ ಎತ್ತಿಹಿಡಿದ್ರು. ಹಾಗಾಗಿ 2017 ಮತ್ತು 2019ರ ಮಧ್ಯೆ ಬಂದ ಪಟ್ಟಿ ಹಿಡ್ಕೊಂಡು "ಇದರ ಪ್ರಕಾರ ನಾನೇ ಸೀನಿಯರ್" ಅಂತ ಈಗ ಹೊರಟ್ರೆ ಮೊದಲ ದಿನವೇ ನಿಲ್ಲಲ್ಲ. ಮೀಸಲಾತಿಯೋರಾದ್ರೂ ಸಾಮಾನ್ಯ ವರ್ಗದೋರಾದ್ರೂ ನಿಮ್ಮ ಪಟ್ಟಿ ಯಾವ ಕಾನೂನು ಜಾರಿಯಲ್ಲಿದ್ದಾಗ ಆಗಿದ್ದು, ಆಮೇಲೆ ಪರಿಷ್ಕರಣೆ ಆಗಿದ್ಯಾ ಅಂತ ನೋಡ್ಕೊಂಡೇ ಮಾತಾಡಿ.

ಹಂತ 4: ಆಕ್ಷೇಪಣೆ ಬರೆಯೋದು

ಎರಡು ಪುಟ ಸಾಕು. ಸಿಟ್ಟು ಬೇಡ, ಯಾರ ಮೇಲೂ ಆರೋಪ ಬೇಡ. ಪಟ್ಟಿಯ ಅಧಿಸೂಚನೆ ನಂಬರ್, ನಿಮ್ಮ ಕ್ರಮ ಸಂಖ್ಯೆ, ಯಾರ ಮೇಲೆ ಯಾರ ಕೆಳಗೆ ಬರ್ಬೇಕು, ಯಾವ ನಿಯಮ, ಯಾವ ದಾಖಲೆ. ಒಂದು ಮಾದರಿ ಕೊಡ್ತೀನಿ, ಇದನ್ನೇ ನಿಮ್ಮ ವಿವರಕ್ಕೆ ತಿದ್ಕೊಳಿ:

"ಉಲ್ಲೇಖಿತ ಅಧಿಸೂಚನೆಯಲ್ಲಿ ಪ್ರಕಟಿಸಿರುವ ಪ್ರಥಮ ದರ್ಜೆ ಸಹಾಯಕರ ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿಯಲ್ಲಿ ನನ್ನ ಹೆಸರನ್ನು ಕ್ರ.ಸಂ. 214ರಲ್ಲಿ ತೋರಿಸಲಾಗಿದೆ. ಆಯ್ಕೆ ಪಟ್ಟಿಯಲ್ಲಿ ನನ್ನ ರ‍್ಯಾಂಕ್ 46 ಆಗಿದ್ದು, ಕ್ರ.ಸಂ. 187 ಮತ್ತು 188ರಲ್ಲಿರುವವರ ರ‍್ಯಾಂಕ್ ಕ್ರಮವಾಗಿ 58 ಮತ್ತು 61 ಆಗಿರುತ್ತದೆ. ನೇಮಕಾತಿ ಆದೇಶದಲ್ಲಿ ನಿಗದಿಪಡಿಸಿದ ಅವಧಿಯೊಳಗೆ ನಾನು ಕರ್ತವ್ಯಕ್ಕೆ ಹಾಜರಾಗಿರುತ್ತೇನೆ. ಆದುದರಿಂದ ಜ್ಯೇಷ್ಠತಾ ನಿಯಮಗಳು 1957ರ ಅನ್ವಯ ನನ್ನ ಹೆಸರನ್ನು ಕ್ರ.ಸಂ. 187ರ ಮೇಲೆ ನಿಗದಿಪಡಿಸಬೇಕೆಂದು ಕೋರುತ್ತೇನೆ."

ಇಷ್ಟೇ. ಈ ಥರ ಬರೆದ್ರೆ ಕೇಸ್ ವರ್ಕರಿಗೆ ಟಿಪ್ಪಣಿ ಬರೆಯಕ್ಕೆ ಸುಲಭ, ತಿರಸ್ಕರಿಸ್ಬೇಕಾದ್ರೂ ಕಾರಣ ಬರೀಲೇಬೇಕಾಗತ್ತೆ, ಆ ಕಾರಣ ನಾಳೆ ಕೆಎಸ್‌ಎಟಿಯಲ್ಲಿ ನಿಮ್ಮ ಕೈಗೆ ಸಿಗೋ ಹಿಡಿ.

ಮೇಲಧಿಕಾರಿಗಳ ಮೂಲಕ ಒಂದು ಪ್ರತಿ ಕೊಡಿ, ಪಟ್ಟಿ ಹೊರಡಿಸಿದ ಅಧಿಕಾರಿಗೆ ಮುಂಗಡ ಪ್ರತಿ ಸ್ಪೀಡ್ ಪೋಸ್ಟಲ್ಲಿ ಕಳಿಸಿ. ಟಪ್ಪಾಲಲ್ಲಿ ಕೊಟ್ಟಾಗ ನಿಮ್ಮ ಪ್ರತಿ ಮೇಲೆ ಸೀಲು, ತಾರೀಖು, ಸ್ವೀಕೃತಿ ನಂಬರ್ ಹಾಕಿಸ್ಕೊಳ್ಳಿ, "ಆಮೇಲೆ ಹಾಕ್ಕೊಡ್ತೀನಿ" ಅಂದ್ರೆ ಅಲ್ಲೇ ನಿಂತಿರಿ. ಶಾಸಕರ ಪತ್ರ, ಮಂತ್ರಿಗಳ ಪತ್ರ ತರೋ ಅಭ್ಯಾಸ ಬೇಡ, ರಾಜಕೀಯ ಒತ್ತಡ ತರೋದು ನಡತೆ ನಿಯಮಕ್ಕೆ ವಿರುದ್ಧ, ಚೆನ್ನಾಗಿರೋ ಕೇಸೂ ಅದರಿಂದ ಹಾಳಾಗತ್ತೆ.

ಹಂತ 5: ಆರ್‌ಟಿಐ

ಆಕ್ಷೇಪಣೆ ಕೊಟ್ಟ ವಾರದಲ್ಲೇ ಆರ್‌ಟಿಐ ಹಾಕಿ, 10 ರೂಪಾಯಿ ಪೋಸ್ಟಲ್ ಆರ್ಡರ್ ಸಾಕು, ಪುಟಕ್ಕೆ 2 ರೂಪಾಯಿ. ಏನ್ ಕೇಳ್ಬೇಕು ಅಂದ್ರೆ: ಮೂಲ ಆಯ್ಕೆ ಪಟ್ಟಿ, ವರ್ಷವಾರು ಖಾಲಿ ಹುದ್ದೆ ವಿವರ, ರೋಸ್ಟರ್ (ಮೀಸಲಾತಿ ಸರದಿ) ರಿಜಿಸ್ಟರ್, ಹಿಂದಿನ ಅಂತಿಮ ಜ್ಯೇಷ್ಠತಾ ಪಟ್ಟಿಗಳು, ಆಕ್ಷೇಪಣೆ ಮೇಲೆ ಬರೆದ ಟಿಪ್ಪಣಿ ಹಾಳೆ, ಡಿಪಿಸಿ (ಇಲಾಖಾ ಬಡ್ತಿ ಸಮಿತಿ) ನಡವಳಿ. "ಯಾಕೆ ನಂಗೆ ಬಡ್ತಿ ಕೊಟ್ಟಿಲ್ಲ" ಅಂತ ಪ್ರಶ್ನೆ ಕೇಳ್ಬೇಡಿ, ದಾಖಲೆ ಕೇಳಿ. 30 ದಿನದಲ್ಲಿ ಕೊಡ್ಲಿಲ್ಲ ಅಂದ್ರೆ ಇನ್ನು 30 ದಿನದೊಳಗೆ ಮೊದಲ ಮೇಲ್ಮನವಿ. ಬೇರೆಯೋರ ವೈಯಕ್ತಿಕ ವರದಿಗಳನ್ನ ಸಾಮಾನ್ಯವಾಗಿ ಕೊಡಲ್ಲ, ನಿಮ್ಮದನ್ನ ಕೇಳಿ ಪಡೀರಿ.

ಹಂತ 6: ಡಿಪಿಸಿ ಕೂತಾಗ

ಬಡ್ತಿ ಹಕ್ಕಲ್ಲ, ಬಡ್ತಿಗೆ ಪರಿಗಣಿಸಿ ಅನ್ನೋದು ಹಕ್ಕು, ಅದು ಮೂಲಭೂತ ಹಕ್ಕು ಅಂತ 1999ರ ಅಜಿತ್ ಸಿಂಗ್ ಕೇಸಲ್ಲಿ ಸಂವಿಧಾನ ಪೀಠ ಹೇಳಿದೆ. ಅಂದ್ರೆ ಸೀನಿಯಾರಿಟಿಯಲ್ಲಿ ನಿಮ್ಮ ಸರದಿ ಬಂದಿದ್ದು, ಅರ್ಹತೆನೂ ಇದ್ದು, ನಿಮ್ಮ ಹೆಸರನ್ನ ಸಮಿತಿ ಮುಂದೆ ಇಡಲೇ ಇಲ್ಲ ಅಂದ್ರೆ ಅದು ಗಟ್ಟಿ ಕೇಸು.

ಇಲ್ಲಿ ಎರಡು ಕಡೆ ತೊಡಕು. ಒಂದು ಇಲಾಖಾ ವಿಚಾರಣೆ. ಬರೀ ದೂರು ಬಂದಿದೆ, ಪ್ರಾಥಮಿಕ ತನಿಖೆ ನಡೀತಿದೆ ಅಂತ ಹೆಸರು ಬಿಡಕ್ಕಾಗಲ್ಲ. 1991ರ ಜಾನಕಿರಾಮನ್ ಕೇಸಿನ ಪ್ರಕಾರ ಮುಚ್ಚಿದ ಲಕೋಟೆ, ಅಂದ್ರೆ ಸಮಿತಿಯ ತೀರ್ಮಾನನ ವಿಚಾರಣೆ ಮುಗಿಯೋವರೆಗೆ ಮುಚ್ಚಿಡೋದು, ಶುರುವಾಗೋದು ಆರೋಪ ಪಟ್ಟಿ ಜಾರಿ ಆದ್ಮೇಲೆ, ಅಥವಾ ಕ್ರಿಮಿನಲ್ ಕೋರ್ಟಿಗೆ ಚಾರ್ಜ್‌ಶೀಟ್ ಹೋದ್ಮೇಲೆ. ಆರೋಪ ಪಟ್ಟಿ ನಿಮ್ಮ ಕೈಗೆ ಬಂದ ತಾರೀಖನ್ನೂ ಡಿಪಿಸಿ ಕೂತ ತಾರೀಖನ್ನೂ ಪಕ್ಕ ಪಕ್ಕ ಇಟ್ಟು ನೋಡಿ, ಎಷ್ಟೋ ಕೇಸು ಅಲ್ಲೇ ತೀರ್ಮಾನ ಆಗತ್ತೆ. ಲಕೋಟೆ ಮುಚ್ಚಿಟ್ಟು ಆಮೇಲೆ ನೀವು ಪೂರ್ತಿ ದೋಷಮುಕ್ತ ಆದ್ರೆ ಜೂನಿಯರಿಗೆ ಬಡ್ತಿ ಆದ ದಿನದಿಂದ ನಿಮಗೂ ಕೊಡ್ಬೇಕು.

ಇನ್ನೊಂದು ಕಾರ್ಯನಿರ್ವಹಣಾ ವರದಿ. ನಿಮಗೆ ತಿಳಿಸದ ಕೆಟ್ಟ ಷರಾ ಇಟ್ಕೊಂಡು ಬಡ್ತಿ ತಪ್ಪಿಸಿದ್ರೆ 2008ರ ದೇವ್ ದತ್, 2013ರ ಸುಖದೇವ್ ಸಿಂಗ್ ತೀರ್ಪುಗಳಿವೆ, ಪ್ರತಿಯೊಂದು ಗ್ರೇಡಿಂಗೂ ನೌಕರನಿಗೆ ತಿಳಿಸ್ಲೇಬೇಕು. ಆದ್ರೆ ನಿಜವಾಗಿ ಆಗೋದು ಏನಂದ್ರೆ ವರದಿನೇ ಬರೆದಿರಲ್ಲ, ಯಾವ್ದೋ ವರ್ಷದ್ದು ಹಿಂದಿನ ಸಾಹೇಬರು ರಿಟೈರ್ ಆಗೋ ಮುಂಚೆ ಬರೀಲೇ ಇಲ್ಲ. ಪ್ರತಿ ಏಪ್ರಿಲಲ್ಲಿ ಹಿಂದಿನ ವರ್ಷದ್ದು ಬರ್ದಿದಾರಾ ಅಂತ ವಿಚಾರಿಸೋ ಅಭ್ಯಾಸ ಇಟ್ಕೊಂಡ್ರೆ ಒಳ್ಳೇದು.

ಹಳೇ ಖಾಲಿ ಹುದ್ದೆಗೆ ಹಳೇ ನಿಯಮವೇ ಅನ್ವಯಿಸ್ಬೇಕು ಅಂತ ವಾದ ಮಾಡೋ ಹಾಗಿದ್ರೆ ಹುಷಾರು. ರಂಗಯ್ಯ ಕೇಸಿನ ಆ ಮಾತನ್ನ 2022ರ ಮೇ 20ರಂದು ಹಿಮಾಚಲದ ರಾಜ್ ಕುಮಾರ್ ಕೇಸಲ್ಲಿ ಸುಪ್ರೀಂ ಕೋರ್ಟ್ ತೆಗೆದುಹಾಕಿದೆ.

ಹಂತ 7: ದಿನ ಎಣಿಸೋದು

ಆಡಳಿತ ನ್ಯಾಯಮಂಡಳಿ ಕಾಯ್ದೆ 1985ರ ಸೆಕ್ಷನ್ 20 ಮತ್ತು 21 ಬಾಯಿಪಾಠ ಮಾಡ್ಕೊಳಿ. ಆಕ್ಷೇಪಣೆ ತಿರಸ್ಕರಿಸಿ ಅಂತಿಮ ಆದೇಶ ಬಂದ್ರೆ ಅಲ್ಲಿಂದ ಒಂದು ವರ್ಷ. ನಿಯಮದಲ್ಲಿರೋ ಮನವಿ ಕೊಟ್ಟು ಉತ್ತರವೇ ಬರ್ಲಿಲ್ಲ ಅಂದ್ರೆ ಆರು ತಿಂಗಳು ಕಾದು, ಆ ಆರು ತಿಂಗಳು ಮುಗಿದ ದಿನದಿಂದ ಒಂದು ವರ್ಷ. ಉದಾಹರಣೆಗೆ 1-2-2024ಕ್ಕೆ ಮನವಿ ಕೊಟ್ಟಿದ್ದು ಉತ್ತರ ಇಲ್ಲ ಅಂದ್ರೆ 2024ರ ಜುಲೈ ಕೊನೆಗೆ ಆರು ತಿಂಗಳು, 2025ರ ಜುಲೈ ಕೊನೆಯೊಳಗೆ ಅರ್ಜಿ ಹಾಕಿರ್ಬೇಕು.

ಮನವಿ ಮೇಲೆ ಮನವಿ ಕೊಡ್ತಾ ಹೋದ್ರೆ ಟೈಮ್ ಉಳಿಯತ್ತೆ ಅನ್ನೋದು ದೊಡ್ಡ ತಪ್ಪು ತಿಳುವಳಿಕೆ. 1989ರ ಎಸ್.ಎಸ್. ರಾಥೋರ್ ಕೇಸಲ್ಲಿ ಏಳು ನ್ಯಾಯಮೂರ್ತಿಗಳ ಪೀಠ ಹಾಗಾಗಲ್ಲ ಅಂತ ಹೇಳಿಬಿಟ್ಟಿದೆ. ಹಳೇ ವಿಷ್ಯಕ್ಕೆ ಹೊಸದಾಗಿ ಹಿಂಬರಹ, ಅಂದ್ರೆ ಕಚೇರಿಯ ಲಿಖಿತ ಉತ್ತರ, ತಗೊಂಡ್ರೆ ಲಿಮಿಟೇಷನ್ ಮತ್ತೆ ಶುರುವಾಗಲ್ಲ ಅಂತ 2008ರ ಸಿ. ಜೇಕಬ್ ಕೇಸಲ್ಲಿ ಇದೆ. ಜೂನಿಯರ್ ತಲೆ ಮೇಲೆ ಹೋದ್ರೆ ಆರು ತಿಂಗಳು, ಹೆಚ್ಚಂದ್ರೆ ಒಂದು ವರ್ಷದೊಳಗೆ ಬನ್ನಿ ಅಂತ 1975ರ ಸದಾಶಿವಸ್ವಾಮಿ ಕೇಸಲ್ಲೇ ಹೇಳಿದಾರೆ. ನೆಲೆಯೂರಿದ ಜ್ಯೇಷ್ಠತೆನ ವರ್ಷಗಳಾದ್ಮೇಲೆ ಕದಡಬಾರ್ದು ಅನ್ನೋದು ಕೋರ್ಟುಗಳ ಗಟ್ಟಿ ನಿಲುವು, ಅದ್ರಲ್ಲಿ ನ್ಯಾಯನೂ ಇದೆ, ಯಾಕಂದ್ರೆ ಮೇಲಿರೋನೂ ಆ ಪಟ್ಟಿ ನಂಬ್ಕೊಂಡೇ ಬದುಕು ಕಟ್ಟಿರ್ತಾನೆ.

ಆ ಎಫ್‌ಡಿಎ ಅವರ ಕವರಿನಲ್ಲಿ ಒಟ್ಟು ಒಂಬತ್ತು ಮನವಿ ಇತ್ತು. ಮೊದಲನೇದು ಅಂತಿಮ ಪಟ್ಟಿ ಬಂದು ನಾಲ್ಕು ವರ್ಷದ ಮೇಲಿಂದು. ತಡ ಮನ್ನಾ ಮಾಡಿ ಅಂತ 21(3)ರಲ್ಲಿ ಅರ್ಜಿ ಹಾಕಿದ್ರು, ಕಾರಣ ಏನು ಅಂತ ಕೇಳಿದಾಗ ಹೇಳಕ್ಕೆ ಏನೂ ಇರ್ಲಿಲ್ಲ. ನಿಯಮ ಪೂರ್ತಿ ಅವರ ಕಡೆ ಇತ್ತು, ಆದ್ರೂ ಅರ್ಜಿ ನಿಲ್ಲಲಿಲ್ಲ. ಈ ಬರಹ ಬರೆಯಕ್ಕೆ ಅವರೇ ಕಾರಣ.

ಹಂತ 8: ಕೆಎಸ್‌ಎಟಿ ಅರ್ಜಿ

ಬೆಂಗಳೂರಲ್ಲಿ ಕೆಂಪೇಗೌಡ ರಸ್ತೆಯ ಕಂದಾಯ ಭವನದಲ್ಲಿ ಪ್ರಧಾನ ಪೀಠ, ಬೆಳಗಾವಿ ಮತ್ತೆ ಕಲಬುರಗಿಯಲ್ಲೂ ಪೀಠ ಇವೆ. ಸೆಕ್ಷನ್ 19ರಲ್ಲಿ ಅರ್ಜಿ. ವಕೀಲರನ್ನ ಹಿಡಿಯೋವಾಗ ಸೇವಾ ವಿಷಯ ನೋಡೋರನ್ನೇ ಹಿಡೀರಿ, ಸಿವಿಲ್ ಕೇಸ್ ನೋಡೋ ನೆಂಟರ ಹುಡುಗನಿಗೆ ಕೊಡ್ಬೇಡಿ. ಹೋಗೋ ಮುಂಚೆ ಒಂದು ಹಾಳೆಯಲ್ಲಿ ತಾರೀಖುವಾರು ಘಟನೆಗಳನ್ನ ಬರ್ಕೊಂಡು ಹೋದ್ರೆ ಅರ್ಧ ಅರ್ಜಿ ತಯಾರಾದಂಗೆ.

ಅರ್ಜಿಯಲ್ಲಿ ಮೂರು ವಿಷ್ಯ ನೀವೇ ಓದಿ ಖಾತ್ರಿ ಮಾಡ್ಕೊಳಿ. ಮೊದಲನೇದು ಬೇಡಿಕೆ. ಬಡ್ತಿ ಆದೇಶ ಮಾತ್ರ ರದ್ದು ಮಾಡಿ ಅಂತ ಕೇಳಿ ಅದರ ಬುಡದಲ್ಲಿರೋ ಅಂತಿಮ ಜ್ಯೇಷ್ಠತಾ ಪಟ್ಟಿನ ಪ್ರಶ್ನೆ ಮಾಡ್ದಿದ್ರೆ ಪಟ್ಟಿ ಹಾಗೇ ಉಳಿಯತ್ತೆ, ಬಡ್ತಿನೂ ಉಳಿಯತ್ತೆ. ಹಿಂಬರಹ, ಅಂತಿಮ ಪಟ್ಟಿ, ಬಡ್ತಿ ಆದೇಶ, ಮೂರನ್ನೂ ಪ್ರಶ್ನಿಸಿ, ಇಡೀ ಪಟ್ಟಿ ರದ್ದು ಬೇಡ, ನಿಮಗೆ ಸಂಬಂಧಪಟ್ಟ ಮಟ್ಟಿಗೆ ಸಾಕು.

ಎರಡನೇದು ಎದುರುದಾರರು. ನೀವು ಗೆದ್ರೆ ಯಾರು ಕೆಳಗೆ ಹೋಗ್ತಾರೋ ಅವರನ್ನ ಪಾರ್ಟಿ ಮಾಡ್ಲೇಬೇಕು. "ದಿನಾ ಎದುರು ಬದುರು ಕೂರೋರು, ಹೆಸರು ಹಾಕಕ್ಕೆ ಮನಸ್ಸು ಬರಲ್ಲ" ಅಂತಾರೆ, ಅರ್ಥ ಆಗತ್ತೆ, ಆದ್ರೆ ಅವರ ಮಾತು ಕೇಳ್ದೆ ಅವರ ಜ್ಯೇಷ್ಠತೆ ಕಿತ್ತುಕೊಳ್ಳೋದು ಯಾವ ಕೋರ್ಟಲ್ಲೂ ಆಗಲ್ಲ, ಅದೊಂದೇ ಕಾರಣಕ್ಕೆ ಅರ್ಜಿ ಬೀಳತ್ತೆ. ಮೊದ್ಲೇ ಒಂದು ಮಾತು ಹೇಳಿ ಹಾಕಿ, ಸ್ನೇಹ ಉಳಿಯತ್ತೆ. ಅರವತ್ತು ಎಪ್ಪತ್ತು ಜನ ಇದ್ರೆ ಕೆಲವರನ್ನ ಪ್ರಾತಿನಿಧಿಕವಾಗಿ ಹಾಕ್ಬಹುದು, 1984ರ ಪ್ರಬೋಧ್ ವರ್ಮಾ ತೀರ್ಪು ಅದಕ್ಕೆ ಆಧಾರ.

ಮೂರನೇದು ಮಧ್ಯಂತರ ಆದೇಶ. ಬಡ್ತಿಗೆ ಪೂರ್ತಿ ತಡೆ ಸಿಗೋದು ಅಪರೂಪ, "ಇನ್ಮುಂದೆ ಆಗೋ ಬಡ್ತಿಗಳು ಈ ಅರ್ಜಿಯ ಅಂತಿಮ ಆದೇಶಕ್ಕೆ ಒಳಪಟ್ಟಿರ್ತವೆ" ಅನ್ನೋ ಆದೇಶ ಸಿಗೋದು ಜಾಸ್ತಿ. ಅದನ್ನ ಸಣ್ಣದು ಅಂದ್ಕೋಬೇಡಿ, ನಾಳೆ ಎದುರುದಾರರು "ಬಡ್ತಿ ಆಗಿ ಮೂರು ವರ್ಷ ಆಯ್ತು, ಈಗ ಕದಡಬೇಡಿ" ಅನ್ನಕ್ಕಾಗಲ್ಲ. ಆದೇಶದ ಪ್ರತಿಯನ್ನ ಅವತ್ತೇ ಇಲಾಖೆಗೆ ಕೊಟ್ಟು ಸೀಲು ಹಾಕಿಸ್ಕೊಳಿ.

ಹಂತ 9: ತೀರ್ಪು ಬಂದ್ಮೇಲೆ

ಗೆದ್ರೆ ಮರುದಿನವೇ ಪ್ರಮಾಣೀಕೃತ ಪ್ರತಿಗೆ ಅರ್ಜಿ ಹಾಕಿ, ಪ್ರತಿ ಜೊತೆ ಒಂದು ಪುಟದ ಮನವಿ ಇಟ್ಟು ಇಲಾಖೆಗೆ ಕೊಡಿ. ಕೊಟ್ಟ ಅವಧಿಯಲ್ಲಿ ಜಾರಿ ಆಗ್ಲಿಲ್ಲ ಅಂದ್ರೆ ಸೆಕ್ಷನ್ 17ರಲ್ಲಿ ನ್ಯಾಯಾಂಗ ನಿಂದನೆ, ಅದಕ್ಕೂ ಒಂದು ವರ್ಷದ ಮಿತಿ ಇದೆ. ಸೋತ್ರೆ, 1997ರ ಎಲ್. ಚಂದ್ರಕುಮಾರ್ ತೀರ್ಪಿನಿಂದ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ ರಿಟ್ ಹಾಕ್ಬಹುದು, ಧಾರವಾಡ ಕಲಬುರಗಿ ಪೀಠಗಳೂ ಇವೆ.

ಹಿಂದಿನ ತಾರೀಖಿಂದ ಬಡ್ತಿ ಸಿಕ್ಕಾಗ ಬಾಕಿ ಸಂಬಳ ಸಿಗತ್ತಾ ಅಂತ ಎಲ್ರೂ ಕೇಳ್ತಾರೆ. ಬಹಳ ಸಲ ನೋಷನಲ್ ಅಂತ ಬರತ್ತೆ, ವೇತನ ನಿಗದಿ ಆಗತ್ತೆ, ಬಾಕಿ ಕೈಗೆ ಬರಲ್ಲ. 2007ರ ಭಾಸ್ಕರನ್ ಪಿಳ್ಳೈ ಕೇಸಲ್ಲಿ ಇದಕ್ಕೆ ಒಂದೇ ಅಳತೆ ಇಲ್ಲ, ಕೇಸಿನ ಮೇಲೆ ಹೋಗತ್ತೆ ಅಂದಿದಾರೆ, ತಪ್ಪು ಪೂರ್ತಿ ಇಲಾಖೆದು, ನೀವು ಕೆಲಸ ಮಾಡಕ್ಕೆ ತಯಾರಿದ್ರಿ ಅಂತ ಅರ್ಜಿಯಲ್ಲೇ ಬರೆದು ಬಾಕಿನೂ ಕೇಳಿ, ಕೇಳ್ದೆ ಇದ್ರೆ ಸಿಗಲ್ಲ. ನೋಷನಲ್ ಆದ್ರೂ ಪಿಂಚಣಿಗೆ ವ್ಯತ್ಯಾಸ ಬೀಳತ್ತೆ, ರಿಟೈರ್ಮೆಂಟಿಗೆ ಎರಡೇ ವರ್ಷ ಉಳಿದೋರೂ ಬಿಡಬೇಡಿ.

ನೀವು ಪಟ್ಟಿಯಲ್ಲಿ ಮೇಲಿರೋರಾಗಿದ್ದು, ಕೆಳಗಿನೋರು ಕೋರ್ಟಿಗೆ ಹೋಗ್ತಾರೆ ಅಂತ ಸುಳಿವು ಸಿಕ್ಕಿದ್ರೆ ಕೇವಿಯಟ್ ಹಾಕಿ, ನಿಮ್ಮ ಮಾತು ಕೇಳದೆ ಮಧ್ಯಂತರ ಆದೇಶ ಆಗಲ್ಲ. ಅದು 90 ದಿನ ಮಾತ್ರ ಇರತ್ತೆ, ಮುಗಿಯೋ ವಾರ ಮುಂಚೆ ಮತ್ತೆ ಹಾಕ್ಬೇಕು.